ಕಾಲ್ಪನಿಕ ಬಡ್ತಿ

ನೌಕರಿಯೇನು ಆಕಾಶದಿಂದ ಉದುರುತ್ತದೆಯೇ ಎಂದು ಜನ ಕೇಳುತ್ತಾರೆ. ದರ್ಜಿಯ ಹೆಂಡತಿಗೆ ಅದು ಉದುರಿದ್ದು ಆಕಾಶದಿಂದಲೇ. ಒಂದು ಬೆಳಿಗ್ಗೆ ಅವಳು ತಾರಸಿಯ ಮೇಲೆ ಬಟ್ಟೆ ಒಣಹಾಕುತ್ತಿದ್ದಾಗ, ಹರಿದ ರಬ್ಬರಿನ ದೊಡ್ಡದೊಂದು ಚೀಲ, ಅದರ ಬಾಲಕ್ಕೆ ಕಟ್ಟಿದ ಬಿಳಿಯ ಪೆಟ್ಟಿಗೆ, ಎರಡೂ ತೇಲಿಕೊಂಡು ಬಂದು ಒದ್ದೆ ಅಂಗಿಗಳ ನಡುವೆ ಮೆತ್ತಗೆ ಕುಳಿತವು. ಪೆಟ್ಟಿಗೆಯ ಮೇಲೆ ‘ಸರ್ಕಾರದ ಸ್ವತ್ತು’ ಎಂದು ಬರೆದಿತ್ತು. “ಮುಟ್ಟಬೇಡ, ಆಮೇಲೆ ಮೈಮೇಲೆ ಬರುತ್ತೆ,” ಎಂದು ಗಂಡ ಮೆಟ್ಟಿಲ ಬುಡದಿಂದಲೇ ಹೆದರಿಸಿದ. ಅವಳು ಕೇಳಲಿಲ್ಲ. ಹಳೆಯ ಹೊದಿಕೆಯೊಂದರಲ್ಲಿ ಅದನ್ನು ಕೂಸಿನಂತೆ ಸುತ್ತಿಕೊಂಡು, ಊರಿನ ಹಿಂದಿನ ಗುಡ್ಡ ಹತ್ತಿ, ಹವಾಮಾನ ವೀಕ್ಷಣಾಲಯದ ಬಾಗಿಲು ತಟ್ಟಿದಳು.

ತೆರೆದವರು ಅಲ್ಲಿನ ಮುಖ್ಯಸ್ಥರು, ಕಿವಿಗೆ ಪೆನ್ಸಿಲು ಸಿಕ್ಕಿಸಿಕೊಂಡ ಮುದುಕರು. ಬಲೂನು ಹಾರಿಬಿಡುವುದು ಅವರ ನಿತ್ಯದ ಕೆಲಸ. ಹಾರಿಬಿಟ್ಟದ್ದನ್ನು ಒಬ್ಬರು ಹಿಂದಕ್ಕೆ ತಂದುಕೊಟ್ಟದ್ದು ಅವರ ಸರ್ವೀಸಿನಲ್ಲೇ ಮೊದಲು.

“ಎಷ್ಟು ಓದಿದೀಯಮ್ಮಾ?”

“ಕಾಲೇಜಲ್ಲಿ ವಿಜ್ಞಾನ ಮುಗಿಸಿದೀನಿ. ಆಮೇಲೆ ಮದುವೆ ಆಯ್ತು.”

“ಬೆಳಗ್ಗೆ ಬೇಗ ಏಳ್ತೀಯಾ?”

“ನಮ್ಮ ಬೀದೀಲಿ ಕೋಳಿನ ಎಬ್ಬಿಸೋದೇ ನಾನು.”

ವೀಕ್ಷಕನೊಬ್ಬ ಬೇರೆ ಊರಿಗೆ ವರ್ಗವಾಗಿ ಹೋಗಿ ಅವನ ಜಾಗ ಖಾಲಿ ಬಿದ್ದಿತ್ತು. ಪರೀಕ್ಷೆ ನಡೆಸಿ ಹೊಸಬರನ್ನು ಕಳಿಸುತ್ತೇವೆ ಎಂದು ಮೇಲಿನವರು ಹೇಳುತ್ತಲೇ ಇದ್ದರು. ಆಕಾಶ ಅಲ್ಲಿಯವರೆಗೆ ಕಾಯುತ್ತದೆಯೇ? ಮುದುಕರಿಗೆ ನೇಮಿಸುವ ಅಧಿಕಾರ ಇತ್ತು, ನೇಮಿಸಿದರು. ಹಂಗಾಮಿ ನೌಕರಿ.

ಆ ವರ್ಷಗಳನ್ನು ನೆನೆದರೆ ಅವಳ ಕಾಲು ಇಂದಿಗೂ ನೆಲಕ್ಕೆ ತಾಗುವುದಿಲ್ಲ. ನಸುಕಿನಲ್ಲಿ ಗುಡ್ಡ ಹತ್ತುವಾಗ ಊರು ಮಂಜಿನಲ್ಲಿ ಮುಳುಗಿರುತ್ತಿತ್ತು. ಮನೆ, ಗಂಡ, ಹೊಲಿಗೆ ಯಂತ್ರದ ಟರ್ರೆಂಬ ಸದ್ದು ಎಲ್ಲ ಒಂದು ಬಿಳಿ ಬಟ್ಟಲಿನ ತಳದಲ್ಲಿ. ಮೇಲೆ ಅವಳು, ಅವಳ ಮೇಲೆ ಆಕಾಶ. ಬಿಳಿ ಜಾಲರಿಯ ಗೂಡು ತೆರೆದು ತಾಪಮಾನ ನೋಡುವುದು, ರಾತ್ರಿ ಬಿದ್ದ ಮಳೆಯನ್ನು ಗಾಜಿನ ಲೋಟಕ್ಕೆ ಬಗ್ಗಿಸಿ ಅಳೆಯುವುದು, ಬಲೂನು ಬಿಟ್ಟು ಅದು ಚುಕ್ಕೆಯಾಗುವವರೆಗೆ ದುರ್ಬೀನಿನಲ್ಲಿ ಹಿಂಬಾಲಿಸುವುದು. ಆಮೇಲೆ ಅಂಗಳದ ನಡುವೆ ಕತ್ತೆತ್ತಿ ನಿಂತು, ಆಕಾಶವನ್ನು ಮನಸ್ಸಿನಲ್ಲೇ ಎಂಟು ಪಾಲು ಮಾಡಿ, ಅದರಲ್ಲಿ ಮೋಡ ಎಷ್ಟು ಪಾಲು ಎಂದು ಹೇಳುವುದು. ಎಷ್ಟೋ ಸಲ ಮೋಡ ನಿಂತು ತಾನೇ ತೇಲುತ್ತಿದ್ದೇನೆ ಎನಿಸಿ, ಅವಳು ಮಳೆಮಾಪಕದ ಕಟ್ಟೆ ಹಿಡಿದುಕೊಂಡದ್ದುಂಟು.

ಹಂಗಾಮಿ ಎಂದ ಮೇಲೆ ಅದಕ್ಕೊಂದು ಕಟ್ಟಳೆ. ಆರು ತಿಂಗಳಿಗೊಮ್ಮೆ ಅವಳ ನೇಮಕ ಮುಗಿಯುತ್ತಿತ್ತು. ಒಂದು ದಿನ ಬಿಟ್ಟು ಮತ್ತೆ ಹೊಸ ಆದೇಶ. ಸೇವೆ ಸತತವಾಗಿತ್ತು ಎಂದು ನಾಳೆ ಹಕ್ಕು ಕೇಳಬಾರದಲ್ಲ, ಅದಕ್ಕೆ. ನಡುವಿನ ಆ ಒಂದು ದಿನ ಕಾನೂನಿನ ಕಣ್ಣಿಗೆ ಅವಳು ಯಾರೂ ಅಲ್ಲ. ಆದರೂ ಗುಡ್ಡ ಹತ್ತುತ್ತಿದ್ದಳು. ಯಾರೂ ಅಲ್ಲದವಳು ಬಿಟ್ಟ ಬಲೂನು ಮಿಕ್ಕ ದಿನಗಳ ಬಲೂನಿನಷ್ಟೇ ಎತ್ತರಕ್ಕೆ ಏರುತ್ತಿತ್ತು.

ಅಷ್ಟರಲ್ಲಿ ಗಂಡನ ತಂಗಿ ಓದು ಮುಗಿಸಿ ಮನೆಗೆ ಬಂದಳು. ಕೆಲಸವಿಲ್ಲದೆ ಅಣ್ಣನ ಅಂಗಡಿಯಲ್ಲಿ ಗುಂಡಿ ಹೊಲಿಯುತ್ತ ಮುಖ ಊದಿಸಿಕೊಂಡಿದ್ದ ನಾದಿನಿಯನ್ನು ಅತ್ತಿಗೆಯೇ ಗುಡ್ಡಕ್ಕೆ ಕರೆದೊಯ್ದಳು. ಹುಡುಗಿ ಚುರುಕು, ಲೆಕ್ಕ ನಾಲಿಗೆಯ ತುದಿಯಲ್ಲಿ. ಮೋಡದ ಜಾತಿ, ಗಾಳಿಯ ಚಾಳಿ ಎಲ್ಲ ಅತ್ತಿಗೆಯಿಂದ ಕಲಿತಳು. ಕೊನೆಗೂ ಸರ್ಕಾರ ಪರೀಕ್ಷೆ ಕರೆಯಿತು. ಅತ್ತಿಗೆಗೆ ವಯಸ್ಸು ಮೀರಿತ್ತು. ನಾದಿನಿ ಬರೆದಳು, ನಾಡಿಗೇ ಮೊದಲಿಗಳಾದಳು, ಇದೇ ವೀಕ್ಷಣಾಲಯಕ್ಕೆ ಕಾಯಂ ವೀಕ್ಷಕಿಯಾಗಿ ಬಂದಳು. ಅವಳು ಕರೆಯುತ್ತಿದ್ದುದನ್ನು ಕೇಳಿ ಕೇಳಿ ಕಚೇರಿಗೆಲ್ಲ ದರ್ಜಿಯ ಹೆಂಡತಿ ‘ಅತ್ತಿಗೆ’ಯಾದಳು. ಮುದುಕರೂ “ಅತ್ತಿಗೆ, ಗಾಳಿ ಎಷ್ಟು?” ಎಂದು ಕೇಳುವವರೇ. ಮರುವರ್ಷ ಅತ್ತಿಗೆಯನ್ನೂ ಅದೇ ಹುದ್ದೆಯಲ್ಲಿ ಕಾಯಂ ಮಾಡಿದರು.

ಇಬ್ಬರೂ ಒಂದೇ ಕೊಡೆಯಲ್ಲಿ ಗುಡ್ಡ ಹತ್ತಿ ಇಳಿದು ಕೆಲವು ವರ್ಷ ಸುಖವಾಗಿ ಕಳೆದವು. ಮುದುಕರು ನಿವೃತ್ತಿಯ ಹೊಸ್ತಿಲಿಗೆ ಬಂದಾಗ ಇಲಾಖೆ ಜ್ಯೇಷ್ಠತಾ ಪಟ್ಟಿ ಹೊರಡಿಸಿತು. ಯಾರು ಮೊದಲು ಬಂದವರು, ಯಾರು ಆಮೇಲೆ, ಮುಂದಿನ ಬಡ್ತಿ ಯಾರಿಗೆ ಎಂಬುದಕ್ಕೆ ಅದೇ ಆಧಾರ. ಪಟ್ಟಿಯಲ್ಲಿ ನಾದಿನಿ ಮೇಲೆ, ಅತ್ತಿಗೆ ಕೆಳಗೆ. ಅತ್ತಿಗೆ ಸೇವೆಗೆ ಸೇರಿದ ದಿನ ಎಂದು ಬರೆದಿದ್ದುದು ಅವಳನ್ನು ಕಾಯಂ ಮಾಡಿದ ದಿನ.

ಅವಳಿಗೆ ಕೆಳಗಿರುವ ಬೇಸರಕ್ಕಿಂತ ದಿಗಿಲೇ ಹೆಚ್ಚಾಯಿತು. ಆ ಮಂಜಿನ ವರ್ಷಗಳು ಎಲ್ಲಿ ಹೋದವು? ಆಗ ಗುಡ್ಡದ ಮೇಲೆ ನಿಂತಿದ್ದವಳು ಯಾರು? ಆಕ್ಷೇಪಣೆ ಬರೆದು ಕೊಟ್ಟಳು. ‘ಪರಿಶೀಲಿಸಿ ತಿರಸ್ಕರಿಸಲಾಗಿದೆ’ ಎಂಬ ಎರಡೇ ಪದದ ಉತ್ತರ ಬಂತು. ಮನೆಯಲ್ಲಿ ಬಾಯಿ ಬಿಡದೆ ಪೇಟೆಗೆ ಹೋಗಿ, ಸದಾ ಪೆಪ್ಪರಮಿಂಟು ಚೀಪುವ ವಕೀಲರೊಬ್ಬರನ್ನು ಹಿಡಿದು, ಸರ್ಕಾರದ ಮೇಲೆ ಕೇಸು ಹಾಕಿದಳು. ಸರ್ಕಾರದ ಜೊತೆಗೆ, ಪಟ್ಟಿಯಲ್ಲಿ ಮೇಲಿರುವವಳನ್ನೂ ಪ್ರತಿವಾದಿ ಮಾಡಬೇಕು, ಇಲ್ಲದಿದ್ದರೆ ಕೇಸು ನಿಲ್ಲುವುದಿಲ್ಲ ಎಂದರು ವಕೀಲರು. ಅವಳು ತಲೆಯಾಡಿಸಿದಳು. ಅದರ ಅರ್ಥ ತಿಳಿದದ್ದು ನೋಟೀಸು ಮನೆಗೆ ಬಂದ ದಿನ.

ನಾದಿನಿ ಊಟದ ತಟ್ಟೆಯ ಪಕ್ಕ ನೋಟೀಸು ಇಟ್ಟುಕೊಂಡು ಓದಿದಳು. ಮತ್ತೊಮ್ಮೆ ಓದಿದಳು.

“ಅತ್ತಿಗೆ, ಪ್ರತಿವಾದಿ ಅಂದ್ರೆ ನಾನಾ?”

“ನಿನ್ನ ಮೇಲಲ್ಲ ಕಣೇ. ಸರ್ಕಾರದ ಮೇಲೆ. ನಿನ್ನ ಹೆಸರು ಸುಮ್ಮನೆ ಜೊತೆಗೆ.”

“ಸುಮ್ಮನೆ ಜೊತೆಗೆ ಜೈಲಿಗೂ ಹೋಗ್ತಾರೆ.” ಅವಳು ತಟ್ಟೆಯನ್ನು ದೂರ ಸರಿಸಿದಳು. “ಸಾವಿರಾರು ಜನರ ಜೊತೆ ಕೂತು ಪರೀಕ್ಷೆ ಬರೆದು ಬಂದೋಳು ನಾನು. ನಾನು ಓದಿದ್ದು ಸುಳ್ಳಾ ಹಾಗಾದ್ರೆ?”

“ನಾನು ನಿಂತಿದ್ದು ಸುಳ್ಳಾ?”

ಇಬ್ಬರೂ ದರ್ಜಿಯ ಕಡೆ ನೋಡಿದರು. ಅವನು ತುತ್ತು ಕೈಯಲ್ಲೇ ಹಿಡಿದುಕೊಂಡಿದ್ದ. “ನನ್ನನ್ನ ಕೇಳಬೇಡಿ. ಕತ್ತರಿ ಹಿಡಿಯೋ ನಾನೇ ಅಡಕತ್ತರೀಲಿ ಸಿಕ್ಕೊಂಡಿದೀನಿ,” ಎಂದ. ಆಮೇಲೆ, “ಕೋರ್ಟಲ್ಲಿ ಗೆದ್ದವನು ಸೋತ, ಸೋತವನು ಸತ್ತ. ಮರೀಬೇಡಿ,” ಎಂದು ಕೈ ತೊಳೆಯಲು ಎದ್ದ.

ಕೇಸಿನ ಮಾತು ಮನೆಯೊಳಗೆ ಬರಕೂಡದು ಎಂದು ಅವನೇ ಒಂದು ಕಾಯಿದೆ ಮಾಡಿದ. ಹೇಗೋ ನಡೆಯಿತು. ಮುದುಕರು ನಿವೃತ್ತರಾದರು. ‘ಕೋರ್ಟಿನ ತೀರ್ಪಿಗೆ ಒಳಪಟ್ಟು’ ಎಂಬ ಬಾಲಂಗೋಚಿಯೊಂದಿಗೆ ನಾದಿನಿ ಹಿರಿಯ ವೀಕ್ಷಕಿಯಾದಳು, ಮುದುಕರ ಕುರ್ಚಿಯಲ್ಲಿ ಕುಳಿತಳು. ಕೇಸು ಮಾತ್ರ ತಾರೀಖಿನಿಂದ ತಾರೀಖಿಗೆ ನೆಗೆಯುತ್ತ ವರ್ಷಗಳನ್ನು ನುಂಗಿತು. ತಾರೀಖಿನ ದಿನ ಇಬ್ಬರೂ ಒಂದೇ ಬಸ್ಸಿನಲ್ಲಿ, ಒಂದೇ ಸೀಟಿನಲ್ಲಿ ಪೇಟೆಗೆ ಹೋಗುವರು. ಕೋರ್ಟಿನ ಬಾಗಿಲಲ್ಲಿ ಒಬ್ಬಳು ಎಡಕ್ಕೆ, ಒಬ್ಬಳು ಬಲಕ್ಕೆ. ‘ಮುಂದಕ್ಕೆ ಹಾಕಿದೆ’ ಎಂದ ಕೂಡಲೇ ಹೊರಗೆ ಬಂದು ಮತ್ತೆ ಒಂದೇ ಸೀಟು. ಮನೆಗೆ ಹಾಲು ಬೇಕಾ, ಸೋಪು ಮುಗಿದಿದೆಯಾ ಎಂಬಷ್ಟೇ ಮಾತು. ಒಂದು ಸಲ ನಾದಿನಿ ನಿದ್ದೆ ಹೋಗಿ ತಲೆ ಅತ್ತಿಗೆಯ ಭುಜಕ್ಕೆ ಬಿತ್ತು. ಪ್ರತಿವಾದಿಯ ತಲೆ ಎಂದು ಅತ್ತಿಗೆ ಸರಿಸಲಿಲ್ಲ. ಕಿಟಕಿಯಾಚೆ ಎಳೆ ಎಳೆ ಮೋಡ ಬಸ್ಸಿನ ಜೊತೆಗೇ ಬರುತ್ತಿತ್ತು.

ಕೋರ್ಟಿನ ಕೋಣೆಯಲ್ಲಿ ಅವಳಿಗೆ ಎಚ್ಚರವೂ ಅಲ್ಲದ ನಿದ್ದೆಯೂ ಅಲ್ಲದ ಒಂದು ಸ್ಥಿತಿ. ಫ್ಯಾನು ತಿರುಗುತ್ತಿತ್ತು, ಕಡತಗಳ ದೂಳು ಬಿಸಿಲಿನ ಕೋಲಿನಲ್ಲಿ ಏರುತ್ತಿತ್ತು. ಚಾವಣಿಯ ಮೇಲೆ ನೀರು ಇಳಿದು ಕಲೆಗಳಾಗಿದ್ದವು. ಅವಳು ಚಾವಣಿಯನ್ನು ಎಂಟು ಪಾಲು ಮಾಡಿ ಮೂರು ಪಾಲು ಮೋಡ ಎಂದುಕೊಳ್ಳುವಳು. ಒಂದು ಮಳೆಗಾಲ ಕಳೆದು ಬಂದಾಗ ಅದು ಐದು ಪಾಲಾಗಿತ್ತು.

ಅಂತೂ ವಾದ ಕೇಳುವ ದಿನ ಬಂತು. ನ್ಯಾಯಾಧೀಶರು ಸಣ್ಣ ದನಿಯ ಹೆಂಗಸು. ಅವರು ಏನಾದರೂ ಕೇಳಿದರೆ ಇಡೀ ಕೋಣೆ ಮುಂದಕ್ಕೆ ಬಾಗುತ್ತಿತ್ತು. ಸರ್ಕಾರದ ವಕೀಲರು ಗಂಟಲು ಸರಿಮಾಡಿಕೊಂಡು, ಈಕೆ ಪರೀಕ್ಷೆ ಬರೆಯದೆ ಹಿಂಬಾಗಿಲಿನಿಂದ ಬಂದವರು ಎಂದರು. ಅತ್ತಿಗೆ ತಬ್ಬಿಬ್ಬಾಗಿ ಪೆಪ್ಪರಮಿಂಟು ವಕೀಲರ ಕೋಟು ಜಗ್ಗಿದಳು. “ಸ್ವಾಮಿ, ನಮ್ಮ ಕಟ್ಟಡಕ್ಕೆ ಇರೋದೇ ಒಂದು ಬಾಗಿಲು!” ವಕೀಲರು ಪೆಪ್ಪರಮಿಂಟನ್ನು ಒಂದು ದವಡೆಯಿಂದ ಇನ್ನೊಂದಕ್ಕೆ ಸರಿಸಿ, “ಅದು ಮಾತಿಗೆ ಹೇಳೋದಮ್ಮಾ, ಸುಮ್ಮನಿರಿ,” ಎಂದರು.

ನಾದಿನಿಯ ಪರ ವಕೀಲರ ಮಾತು ಚೂಪಾಗಿತ್ತು. ಆ ನೌಕರಿ ಇದೆ ಎಂದು ಬೇರೆ ಯಾರಿಗಾದರೂ ತಿಳಿದಿತ್ತೇ? ಎಷ್ಟು ಜನ ಅರ್ಹರು ಮನೆಯಲ್ಲಿ ಕುಳಿತಿದ್ದರು! ಪರೀಕ್ಷೆ ಗೆದ್ದು ಬಂದವಳ ಮುಂದೆ, ಬಾಗಿಲು ತಟ್ಟಿ ಬಂದವಳನ್ನು ನಿಲ್ಲಿಸುವುದು ನ್ಯಾಯವೇ? ಕೇಳುತ್ತ ಕೇಳುತ್ತ ಅತ್ತಿಗೆಗೆ, ಅರೆ, ಇದನ್ನು ಸರಿಯಲ್ಲ ಎನ್ನುವುದು ಹೇಗೆ ಎನಿಸಿತು. ನಾದಿನಿಯ ಕಡೆ ನೋಡಿದಳು. ನಾದಿನಿ ನೆಲ ನೋಡುತ್ತಿದ್ದಳು.

ನ್ಯಾಯಾಧೀಶರು ಒಂದೊಂದೇ ಕೇಳಿದರು. ಆಗ ಹುದ್ದೆ ಖಾಲಿ ಇತ್ತೇ? ಇತ್ತು. ನೇಮಿಸಿದವರಿಗೆ ಅಧಿಕಾರವಿತ್ತೇ? ಇತ್ತು. ಈಕೆಗೆ ಬೇಕಾದ ವಿದ್ಯೆ ಇತ್ತೇ? ಇತ್ತು. ಆಮೇಲೆ ಕಾಯಂ ಮಾಡಿದ್ದು ಇದೇ ಹುದ್ದೆಯಲ್ಲೇ? ಹೌದು.

“ಮತ್ತೆ ಆರು ತಿಂಗಳಿಗೊಂದು ದಿನ ಯಾಕೆ ಬಿಡುವು?”

“ಅದು ಪದ್ಧತಿ, ಮಹಾಸ್ವಾಮಿ,” ಎಂದರು ಸರ್ಕಾರದ ವಕೀಲರು.

“ಆ ದಿನ ಹವಾಮಾನ ಇರ್ತಿರಲಿಲ್ವಾ?”

ಕೋಣೆಯಲ್ಲಿ ಯಾರೋ ನಕ್ಕರು. ಅತ್ತಿಗೆಗೆ ನಗು ಬರಲಿಲ್ಲ, ಕಣ್ಣು ತುಂಬಿತು.

ತೀರ್ಪು ಬಂದದ್ದು ಬೇಸಿಗೆಯ ಕೊನೆಗೆ. ಹಂಗಾಮಿ ಎಂದು ಕರೆದ ಮಾತ್ರಕ್ಕೆ ಆ ಸೇವೆ ಇಲ್ಲವಾಗುವುದಿಲ್ಲ, ಒಂದೊಂದು ದಿನದ ಬಿಡುವು ಬರೀ ಕೃತಕ, ಮೊದಲ ದಿನದಿಂದಲೇ ಅವಳ ಜ್ಯೇಷ್ಠತೆ ಎಣಿಸಬೇಕು ಎಂದಿತು ಕೋರ್ಟು. ನಾದಿನಿಗೆ ಬಡ್ತಿ ಸಿಕ್ಕ ದಿನದಿಂದಲೇ ಅತ್ತಿಗೆಗೆ ‘ಕಾಲ್ಪನಿಕ ಬಡ್ತಿ’ ಕೊಡಬೇಕು. ಹಿಂದಿನ ಸಂಬಳದ ಬಾಕಿ ಇಲ್ಲ, ನಾದಿನಿ ಪಡೆದದ್ದನ್ನು ಅವಳಿಂದ ವಸೂಲು ಮಾಡುವುದೂ ಇಲ್ಲ, ಅವಳು ಮೊದಲಿನ ಹುದ್ದೆಗೆ ಮರಳಬೇಕು.

“ಕಾಲ್ಪನಿಕ ಅಂದ್ರೆ?” ಎಂದು ಅತ್ತಿಗೆ ವಕೀಲರನ್ನು ಕೇಳಿದಳು.

“ಇಷ್ಟು ವರ್ಷ ಹಿರಿಯ ವೀಕ್ಷಕಿ ನೀವೇ ಆಗಿದ್ರಿ ಅಂತ ಅಂದ್ಕೋಬೇಕು.”

“ಯಾರು ಅಂದ್ಕೋಬೇಕು?”

“ಎಲ್ಲರೂ. ನೀವೂ ಸೇರಿ.”

ಬಸ್ಸಿನಲ್ಲಿ ಅವಳು ಅದನ್ನೇ ಯೋಚಿಸಿದಳು. ನಿಜವಾಗಿ ನಿಂತ ವರ್ಷಗಳನ್ನು ಇಲಾಖೆ ಇಲ್ಲ ಎಂದಿತ್ತು. ಈಗ ಇಲ್ಲದ ವರ್ಷಗಳನ್ನು ಕೋರ್ಟು ಇದ್ದವು ಎನ್ನುತ್ತಿದೆ. ಸೀಟಿನ ಇನ್ನೊಂದು ಅರ್ಧ ಖಾಲಿಯಿತ್ತು. ನಾದಿನಿ ಮುಂದಿನ ಬಸ್ಸಿಗೆ ಬರುತ್ತೇನೆ ಎಂದಿದ್ದಳು.

ಮರುದಿನ ನಾದಿನಿ ಮೇಜು ತೆರವು ಮಾಡಿ, ಬೀಗದ ಕೈಗೊಂಚಲನ್ನು ಮೇಜಿನ ನಡುವೆ ಇಟ್ಟು, ತನ್ನ ಹಳೆಯ ಕಿಟಕಿಯ ಬದಿಗೆ ಹೋಗಿ ಕುಳಿತಳು. ಅತ್ತಿಗೆ ಹಿರಿಯ ವೀಕ್ಷಕಿಯ ಕುರ್ಚಿಯಲ್ಲಿ ಕುಳಿತಳು. ಹಿತವಾಗಿತ್ತು, ಯಾಕೆ ಸುಳ್ಳು ಹೇಳುವುದು? ಅಲ್ಲಿಂದ ಗುಡ್ಡದ ಇಳಿಜಾರು, ಊರಿನ ಮಾಡುಗಳು, ದೂರದಲ್ಲಿ ಬಂದರಿನ ಕ್ರೇನುಗಳು ಎಲ್ಲ ಕಾಣುತ್ತಿದ್ದವು. ಆದರೆ ಮನೆಯಲ್ಲಿ ನಾದಿನಿ ಮಾತು ಬಿಟ್ಟಳು. ಕೊಡೆಗಳು ಎರಡಾದವು. ದರ್ಜಿ ಇಬ್ಬರ ನಡುವೆ ಅಂಚೆಯವನಾದ. “ಬಿಸಿನೀರು ಕಾದಿದೆ ಅಂತ ಹೇಳಿ ಅವಳಿಗೆ,” “ಕೇಳಿಸ್ತು ಅಂತ ಹೇಳಣ್ಣ ಅವರಿಗೆ.”

ಹೀಗೇ ಮಳೆಗಾಲದ ಬಾಗಿಲಿಗೆ ಬಂದರು. ಒಂದು ಮಧ್ಯಾಹ್ನ ಗಾಳಿ ಒಮ್ಮೆಗೇ ಸತ್ತಿತು. ಪಶ್ಚಿಮದಲ್ಲಿ ಮೋಡ ಗೋಪುರದಂತೆ ಏರಿ, ತಲೆ ಚಪ್ಪಟೆಯಾಗಿ, ಅಡಿ ಹಸಿರುಗಪ್ಪಾಯಿತು. ಅಂಗಳದಲ್ಲಿ ನಿಂತ ಅತ್ತಿಗೆಗೆ ಇದು ಬರಿಯ ಮಳೆಯಲ್ಲ ಎಂದು ಬೆನ್ನುಹುರಿಯಲ್ಲೇ ತಿಳಿಯಿತು. ಬಂದರಿಗೆ ಎಚ್ಚರಿಕೆ ಕೊಡಬೇಕಾದವಳು ಈಗ ಅವಳೇ. ಯಾರಿಗೆ ಮೊದಲು ಫೋನು ಮಾಡುವುದು, ಯಾವ ಮಟ್ಟದ ಎಚ್ಚರಿಕೆ, ತಪ್ಪಾದರೆ ಯಾರು ಹೊಣೆ? ಇದನ್ನೆಲ್ಲ ಇಷ್ಟು ವರ್ಷ ಮಾಡಿದವಳು ಕಿಟಕಿಯ ಬಳಿ ಬೆನ್ನು ಹಾಕಿ ಕುಳಿತಿದ್ದಳು.

ಅತ್ತಿಗೆ ಹೋಗಿ ಅವಳ ಪಕ್ಕ ನಿಂತಳು.

“ಪುಟ್ಟಿ, ಕೈಕಾಲು ಆಡ್ತಿಲ್ಲ ಕಣೇ. ಮೊದಲು ಯಾರಿಗೆ ಹೇಳಬೇಕು?”

ನಾದಿನಿ ಒಂದು ಕ್ಷಣ ಮೋಡ ನೋಡಿದಳು, ಒಂದು ಕ್ಷಣ ಅತ್ತಿಗೆಯನ್ನು. ಎದ್ದಳು. “ಮೊದಲು ಬಂದರಿನ ಕಾವಲು ಕೋಣೆ. ಅಲ್ಲಿರೋನಿಗೆ ಕಿವಿ ಮಂದ, ಗಟ್ಟಿಯಾಗಿ ಹೇಳಬೇಕು. ಆಮೇಲೆ ಶಾಲೆಗಳು. ಲೈನು ಹಿಡಿದು ಕೊಡ್ತೀನಿ, ಮಾತಾಡೋದು ನೀವೇ.”

ಕೊನೆಯ ಫೋನು ಇಡುವಷ್ಟರಲ್ಲಿ ಬಿರುಗಾಳಿ ಗುಡ್ಡಕ್ಕೆ ಬಡಿಯಿತು. ಕಿಟಕಿಗಳು ಗಡಗಡ ನಡುಗಿದವು, ಆಲಿಕಲ್ಲು ಮಾಡಿನ ಮೇಲೆ ಕುಣಿಯಿತು, ದೀಪ ಹೋಯಿತು. ದೋಣಿಗಳೆಲ್ಲ ದಡ ಸೇರಿವೆ ಎಂದು ಕಾವಲು ಕೋಣೆಯವನು ಗಟ್ಟಿಯಾಗಿ ಹೇಳಿದ್ದು ಲೈನು ಕಡಿಯುವ ಮೊದಲೇ ಕೇಳಿಸಿತ್ತು. ಇಬ್ಬರೂ ಗೋಡೆಗೆ ಒರಗಿ ನೆಲದ ಮೇಲೆ ಕುಳಿತರು. ಹೊರಗೆ ಏನೂ ಕಾಣುತ್ತಿರಲಿಲ್ಲ. ಬೂದುಬಣ್ಣದ ನೀರಿನಲ್ಲಿ ಕಟ್ಟಡವೇ ತೇಲಿಹೋಗುತ್ತಿದ್ದಂತಿತ್ತು.

ಬಹಳ ಹೊತ್ತಿನ ಮೇಲೆ ಅತ್ತಿಗೆ ಕೇಳಿದಳು, “ಪುಟ್ಟಿ, ನಾನು ಹಿರಿಯ ವೀಕ್ಷಕಿ ಆಗಿದ್ದ ವರ್ಷಗಳಲ್ಲಿ ಏನೇನಾಯ್ತು?”

“ಯಾವ ವರ್ಷಗಳು?”

“ಅದೇ, ಕಾಲ್ಪನಿಕದ್ದು. ನನಗೆ ಒಂದೂ ನೆನಪಿಲ್ಲ.”

ನಾದಿನಿ ನಗಬಾರದು ಎಂದು ತುಟಿ ಕಚ್ಚಿಕೊಂಡಳು. ಆಮೇಲೆ ನಿಧಾನವಾಗಿ ಶುರುಮಾಡಿದಳು. “ಮೊದಲನೇ ವರ್ಷ ನೀವು ತುಂಬಾ ಹೆದರ್ತಿದ್ರಿ. ಮನೆಗೆ ಬಂದು ಬಚ್ಚಲಲ್ಲಿ ನಲ್ಲಿ ಬಿಟ್ಟುಕೊಂಡು ಅಳ್ತಿದ್ರಿ.”

“ಹೌದಾ? ನನಗೆ ಗೊತ್ತೇ ಆಗಲಿಲ್ಲ.”

“ಮುಂದಿನ ವರ್ಷ ದೊಡ್ಡ ಬಿಸಿಲು. ಬಲೂನಿನ ಗ್ಯಾಸು ಬರಲಿಲ್ಲ ಅಂತ ಮೇಲಧಿಕಾರಿ ಹತ್ರ ಜಗಳ ಆಡಿ ತರಿಸಿದ್ರಿ. ಕಾಗದ ನಾನೇ ಬರೆದಿದ್ದು, ಅಂದ್ರೆ, ನೀವು. ಚೆನ್ನಾಗಿತ್ತು ಆ ಕಾಗದ.”

“ಮತ್ತೆ?”

“ಮತ್ತೆ ನಿಮ್ಮ ಕೈಕೆಳಗೆ ಒಬ್ಬ ವೀಕ್ಷಕಿ ಇದ್ಲು. ನಿಮ್ಮ ಮೇಲೇ ಕೇಸು ಹಾಕಿದ್ಲು. ಆದ್ರೂ ಅವಳಿಗೆ ಒಂದು ರಜಾನೂ ಇಲ್ಲ ಅನ್ನಲಿಲ್ಲ ನೀವು.”

ಅತ್ತಿಗೆ ಸ್ವಲ್ಪ ಹತ್ತಿರ ಸರಿದು ಕುಳಿತಳು.

“ಇನ್ನೊಂದಿದೆ,” ಎಂದಳು ನಾದಿನಿ, ಈಗ ದನಿ ತಗ್ಗಿಸಿ. “ಆ ವೀಕ್ಷಕಿ ರಜದಲ್ಲಿದ್ದಾಗ ಒಂದು ಸಂಜೆ ಮಳೆ ಬರಲ್ಲ ಅಂತ ವರದಿ ಕಳಿಸಿದ್ರಿ. ಬಂತು. ಕೆಳಗಿನ ಬೀದಿಗಳಿಗೆಲ್ಲ ನೀರು ನುಗ್ಗಿತು. ಊರವರು ಗುಡ್ಡ ಹತ್ತಿ ಬಂದು ಬಾಯಿಗೆ ಬಂದ ಹಾಗೆ ಬೈದ್ರು. ಇನ್ನೂ ಕಿವೀಲಿದೆ. ಕುರ್ಚಿ ತಗೊಂಡ ಹಾಗೆ ಆ ಬೈಗುಳಾನೂ ತಗೊಳ್ಳಿ ಅತ್ತಿಗೆ. ನನ್ನ ಕೈಲಿ ಹೊರೋಕಾಗ್ತಿಲ್ಲ.”

“ಕೊಡು,” ಎಂದಳು ಅತ್ತಿಗೆ. “ಅವತ್ತಿನ ಮೋಡ ಹೇಗಿತ್ತು, ಹೇಳು.”

ನಾದಿನಿ ಹೇಳಿದಳು. ಅಡಿ ನಯವಾಗಿತ್ತು, ಗಾಳಿ ಪೂರ್ವದ್ದು, ಒತ್ತಡ ಬಿದ್ದಿರಲಿಲ್ಲ. ಅತ್ತಿಗೆ ಕಣ್ಣು ಮುಚ್ಚಿ ಆ ಆಕಾಶವನ್ನು ತಂದುಕೊಂಡಳು, ಅದರ ಕೆಳಗೆ ನಿಂತಳು, ಸುತ್ತ ನೋಡಿದಳು. “ಮಳೆ ಬರಲ್ಲ ಅಂತಲೇ ನಾನೂ ಬರೀತಿದ್ದೆ ಕಣೇ,” ಎಂದಳು. ನಾದಿನಿ ಮೊಣಕಾಲಿನಲ್ಲಿ ಮುಖ ಹುದುಗಿಸಿಕೊಂಡಳು. ಆಲಿಕಲ್ಲು ನಿಂತು ಬರಿಯ ಮಳೆ ಉಳಿದಿತ್ತು.

ಆ ವರ್ಷದ ಚಳಿಗಾಲಕ್ಕೇ ಅತ್ತಿಗೆಗೆ ನಿವೃತ್ತಿ. ಕುರ್ಚಿ ಮತ್ತೆ ನಾದಿನಿಗೆ ಬಂತು, ಈ ಬಾರಿ ಯಾವ ಬಾಲಂಗೋಚಿಯೂ ಇಲ್ಲದೆ. ಬೀಳ್ಕೊಡುಗೆಗೆ ಸೇರಿದವರು ಕೈಬೆರಳೆಣಿಕೆಯಷ್ಟು. ದರ್ಜಿ ತಾನೇ ಹೊಲಿದ ಹೊಸ ಕೋಟು ತೊಟ್ಟು ಬಂದಿದ್ದ. ಅತ್ತಿಗೆಯ ಸೇವೆಯ ವಿವರ ಓದುವ ಕೆಲಸ ಪದ್ಧತಿಯಂತೆ ಮುಖ್ಯಸ್ಥಳಾಗಲಿರುವ ನಾದಿನಿಯದು. ಮಂಜಿನ ವರ್ಷಗಳನ್ನು ಓದಿದಳು. ಆಮೇಲೆ, ‘ಹಿರಿಯ ವೀಕ್ಷಕಿಯಾಗಿ’ ಎಂದು ತಾನೇ ಬಾಳಿದ ವರ್ಷಗಳನ್ನು ಓದಿದಳು. ಎಲ್ಲೂ ತಡವರಿಸಲಿಲ್ಲ. ಯಾರೋ ಒಬ್ಬ ಹೆಂಗಸಿನ ಬಹಳ ಉದ್ದದ, ಬಹಳ ಒಳ್ಳೆಯ ಬದುಕಿನ ಕಥೆ ಕೇಳುವಂತೆ ಅತ್ತಿಗೆ ಕೇಳಿದಳು. ಚಪ್ಪಾಳೆ ಬಿದ್ದಾಗ ಎಲ್ಲರ ಜೊತೆ ತಾನೂ ತಟ್ಟಿದಳು.

“ರೀ, ನಡೀರಿ,” ಎಂದಳು ಆಮೇಲೆ ಗಂಡನಿಗೆ. “ಅವಳಿಗೆ ಸಂಜೆ ವರದಿ ಕಳಿಸೋದಿದೆ. ನಾವಿದ್ರೆ ಕೆಲಸ ಕೆಡುತ್ತೆ.”

ಇಬ್ಬರೂ ಗುಡ್ಡ ಇಳಿಯತೊಡಗಿದರು. ಅರ್ಧ ದಾರಿಯಲ್ಲಿ ದರ್ಜಿ ಹೊಸ ಕೋಟಿನ ತೋಳು ಬಿಗಿಯಾಯಿತೆಂದು ಗೊಣಗಿದ. ಅವಳು ನಿಂತು ಹೊಲಿಗೆ ನೋಡಿ, ಎರಡೂ ತೋಳು ಒಂದೇ ಅಳತೆಯಲ್ಲಿಲ್ಲ ಎಂದಳು.